ಬಾಯಿಮಾತಿನ ಮನುಷ್ಯ, ಕಾಗದದ ಬದುಕು: ಡೇವಿಡ್ ಕ್ರಾಕೆಟ್‌ನ ಆತ್ಮಕಥನದ ಒಂದು ಓದು

1833ರ ಡಿಸೆಂಬರ್‌ನಲ್ಲಿ ವಾಷಿಂಗ್ಟನ್ನಿನ ರಂಗಮಂದಿರವೊಂದರಲ್ಲಿ ‘ದಿ ಲಯನ್ ಆಫ್ ದಿ ವೆಸ್ಟ್’ ಎಂಬ ನಾಟಕದ ಪ್ರದರ್ಶನವಿತ್ತು. ಜೇಮ್ಸ್ ಕರ್ಕ್ ಪಾಲ್ಡಿಂಗ್ ಬರೆದ ಈ ನಾಟಕದ ನಾಯಕ ನಿಮ್ರಾಡ್ ವೈಲ್ಡ್‌ಫೈರ್ ಗಡಿನಾಡಿನ ಒರಟ. ತಲೆಯ ಮೇಲೆ ಕಾಡುಪ್ರಾಣಿಯ ಚರ್ಮದ ಟೊಪ್ಪಿ, ಬಾಯಿ ತೆರೆದರೆ ಬಡಾಯಿ. ಆ ಪಾತ್ರ ಯಾರನ್ನು ಅಣಕಿಸುತ್ತದೆ ಎಂಬುದು ನೋಡುವವರಿಗೆಲ್ಲ ಗೊತ್ತಿತ್ತು. ಅಂದು ಪ್ರೇಕ್ಷಕರ ನಡುವೆ ಆ ವ್ಯಕ್ತಿಯೇ ಕೂತಿದ್ದ, ಟೆನೆಸಿ ರಾಜ್ಯದಿಂದ ಪ್ರತಿನಿಧಿ ಸಭೆಗೆ ಆರಿಸಿಬಂದಿದ್ದ ಡೇವಿಡ್ ಕ್ರಾಕೆಟ್. ವೇಷಧಾರಿ ಜೇಮ್ಸ್ ಹ್ಯಾಕೆಟ್ ರಂಗದ ಮೇಲೆ ಬಂದವನೇ ಕ್ರಾಕೆಟ್‌ನತ್ತ ಬಾಗಿ ವಂದಿಸಿದ. ಕ್ರಾಕೆಟ್ ಎದ್ದು ನಿಂತು ಪ್ರತಿವಂದನೆ ಸಲ್ಲಿಸಿದ. ಸಭೆಯಲ್ಲಿ ಚಪ್ಪಾಳೆಯೋ ಚಪ್ಪಾಳೆ.

ಕ್ರಾಕೆಟ್‌ನ ಬಗ್ಗೆ ಬರೆದವರೆಲ್ಲ ಈ ಪ್ರಸಂಗವನ್ನು ಖುಷಿಯಿಂದ ಹೇಳುತ್ತಾರೆ. ಇದಾದ ಕೆಲವೇ ವಾರಗಳಲ್ಲಿ, 1834ರ ಆರಂಭದಲ್ಲಿ, ಫಿಲಡೆಲ್ಫಿಯಾದ ಕ್ಯಾರಿ ಅಂಡ್ ಹಾರ್ಟ್ ಪ್ರಕಾಶನದಿಂದ ಅವನ ಆತ್ಮಕಥನ ಹೊರಬಂತು. ‘ಎ ನರೇಟಿವ್ ಆಫ್ ದಿ ಲೈಫ್ ಆಫ್ ಡೇವಿಡ್ ಕ್ರಾಕೆಟ್’ ಎಂಬ ಆ ಪುಸ್ತಕದ ಮುನ್ನುಡಿಯಲ್ಲಿ ಚಪ್ಪಾಳೆಯ ಸಂತೋಷ ಕಾಣುವುದಿಲ್ಲ. ಹಿಂದಿನ ವರ್ಷ ಯಾರೋ ಹೆಸರು ಹಾಕಿಕೊಳ್ಳದೆ ತನ್ನ ಜೀವನಚರಿತ್ರೆ ಪ್ರಕಟಿಸಿ, ತಾನು ಆಡದ ಮಾತುಗಳನ್ನು ತನ್ನ ಬಾಯಿಗೆ ತುರುಕಿದ್ದಾರೆ ಎಂದು ಕ್ರಾಕೆಟ್ ಅಲ್ಲಿ ದೂರುತ್ತಾನೆ. ಅದನ್ನು ಓದಿದ ಜನ ತನ್ನನ್ನು ಎದುರಿಗೆ ಕಂಡಾಗ, ಇವನಿಗೂ ಮನುಷ್ಯರ ಆಕಾರವೇ ಇದೆಯಲ್ಲ ಎಂದು ಬೆರಗಾಗುತ್ತಾರಂತೆ. ನಗಿಸುವ ಧಾಟಿಯಲ್ಲೇ ಹೇಳಿದ ಮಾತು. ಆದರೆ ತನ್ನನ್ನು ಮನುಷ್ಯನೆಂದು ಗುರುತಿಸಿ ಎಂಬ ಕೋರಿಕೆಯೂ ಅದರೊಳಗಿದೆ.

ನಮ್ಮಲ್ಲಿ ಕ್ರಾಕೆಟ್ ಗೊತ್ತಿರುವುದು ಹೆಚ್ಚಾಗಿ ಸಿನಿಮಾದಿಂದ. 1954-55ರಲ್ಲಿ ಡಿಸ್ನಿ ಕಂಪನಿ ಮಾಡಿದ ಟೆಲಿವಿಷನ್ ಸರಣಿಯಲ್ಲಿ ಫೆಸ್ ಪಾರ್ಕರ್ ತೊಟ್ಟ ರಕೂನ್ ಟೊಪ್ಪಿ, 1960ರ ‘ದಿ ಅಲಾಮೊ’ ಚಿತ್ರದಲ್ಲಿ ಜಾನ್ ವೇಯ್ನ್. ಇವುಗಳ ಹಿಂದಿನ ಮನುಷ್ಯ 1786ರಲ್ಲಿ ಇಂದಿನ ಪೂರ್ವ ಟೆನೆಸಿಯಲ್ಲಿ ಬಡ ಕುಟುಂಬವೊಂದರಲ್ಲಿ ಹುಟ್ಟಿದ. ಬೇಟೆ, ಬೇಸಾಯ, ಕ್ರೀಕ್ ಜನರ ವಿರುದ್ಧದ ಯುದ್ಧ, ರಾಜ್ಯದ ಶಾಸನಸಭೆ, ಮೂರು ಅವಧಿಗೆ ವಾಷಿಂಗ್ಟನ್ನಿನ ಪ್ರತಿನಿಧಿ ಸಭೆ, ಕೊನೆಗೆ 1836ರ ಮಾರ್ಚ್ 6ರಂದು ಟೆಕ್ಸಸ್‌ನ ಅಲಾಮೊ ಕೋಟೆಯಲ್ಲಿ ಸಾವು. ಒಟ್ಟು 49 ವರ್ಷದ ಬದುಕು.

ವಿಮರ್ಶಕರು ಈ ಆತ್ಮಕಥನವನ್ನು ಮುಖ್ಯವಾಗಿ ಎರಡು ದಿಕ್ಕಿನಿಂದ ನೋಡಿದ್ದಾರೆ. ವರ್ನನ್ ಪ್ಯಾರಿಂಗ್ಟನ್ 1927ರಲ್ಲಿ, ಕ್ರಾಕೆಟ್ ಎಂಬ ಜನನಾಯಕನನ್ನು ಕಟ್ಟಿದ್ದೇ ಅಧ್ಯಕ್ಷ ಆಂಡ್ರ್ಯೂ ಜಾಕ್ಸನ್‌ನ ವಿರೋಧಿಗಳಾದ ವಿಗ್ ಪಕ್ಷದವರು ಎಂದು ವಾದಿಸಿದ. ಕಾನ್‌ಸ್ಟನ್ಸ್ ರೂರ್ಕ್ 1930ರ ದಶಕದಲ್ಲಿ, ಅಮೆರಿಕದ ಜಾನಪದ ಹಾಸ್ಯದ ಜೀವಂತ ಚಿಲುಮೆಯಾಗಿ ಅವನನ್ನು ಓದಿದಳು. ಒಬ್ಬರಿಗೆ ಅವನು ಸೂತ್ರದ ಬೊಂಬೆ, ಇನ್ನೊಬ್ಬರಿಗೆ ಜನಪದರ ದನಿ. 1956ರಲ್ಲಿ ಜೇಮ್ಸ್ ಶಾಕ್‌ಫರ್ಡ್ ದಾಖಲೆಗಳನ್ನು ಕೆದಕಿ ಬರೆದ ಜೀವನಚರಿತ್ರೆ ಎರಡನ್ನೂ ಸ್ವಲ್ಪ ನೆಲಕ್ಕಿಳಿಸಿತು. ಪುಸ್ತಕದ ಬರವಣಿಗೆಯಲ್ಲಿ ಕೆಂಟಕಿಯ ಸಂಸದ ಥಾಮಸ್ ಚಿಲ್ಟನ್‌ನ ಕೈ ಎಷ್ಟಿತ್ತು, ಕ್ರಾಕೆಟ್‌ನ ಪಾಲಿನ ಲಾಭದಲ್ಲಿ ಅರ್ಧ ಅವನಿಗೆ ಹೇಗೆ ಸಲ್ಲಬೇಕಿತ್ತು ಎಂಬುದೆಲ್ಲ ಬೆಳಕಿಗೆ ಬಂತು.

ಈ ಚರ್ಚೆಗಳಲ್ಲಿ ನನಗೆ ಕೊರತೆಯಾಗಿ ಕಂಡದ್ದು, ಪುಸ್ತಕದ ತುಂಬ ಹರಡಿಕೊಂಡಿರುವ ಒಂದು ಸಣ್ಣ ವಸ್ತುವಿನ ಕಡೆಗಿನ ಗಮನ. ಅದು ಕಾಗದ. ಓದು ಬಾರದವನೊಬ್ಬನ ಬದುಕು ಹೆಜ್ಜೆಹೆಜ್ಜೆಗೂ ಯಾರೋ ಬರೆದ ಕಾಗದದಿಂದ ತೀರ್ಮಾನವಾಗುತ್ತ ಹೋಗುವ ಕಥೆಯಾಗಿ ನಾನು ಈ ಪುಸ್ತಕವನ್ನು ಓದುತ್ತೇನೆ. ಹಾಗೆ ಓದಿದಾಗ ಅವನ ಬಡಾಯಿ, ಅವನ ರಾಜಕೀಯ, ಅವನ ಮೌನ ಇವೆಲ್ಲ ಬೇರೆ ಕ್ರಮದಲ್ಲಿ ಕೂಡಿಕೊಳ್ಳುತ್ತವೆ.

ಮೊದಲ ಕಾಗದ ಸಾಲದ್ದು. ಕ್ರಾಕೆಟ್‌ನ ಅಪ್ಪ ಹೆದ್ದಾರಿಯ ಬದಿಯಲ್ಲಿ ಪ್ರಯಾಣಿಕರಿಗೆ ತಂಗುದಾಣ ನಡೆಸುತ್ತಿದ್ದವನು, ಸದಾ ಸಾಲದಲ್ಲಿ ಮುಳುಗಿದ್ದವನು. ಹನ್ನೆರಡು ವರ್ಷದ ಮಗನನ್ನು ದನ ಹೊಡೆದುಕೊಂಡು ಹೋಗುವ ಅಪರಿಚಿತನ ಜೊತೆ ಕೂಲಿಗೆ ಕಳಿಸುತ್ತಾನೆ. ಹುಡುಗ ಸುಮಾರು 400 ಮೈಲಿ ಕಾಲ್ನಡಿಗೆಯಲ್ಲಿ ವರ್ಜೀನಿಯಾಕ್ಕೆ ಹೋಗುತ್ತಾನೆ. ಮುಂದೆ ಶಾಲೆಗೆ ಸೇರಿಸಿದಾಗ ನಾಲ್ಕೇ ದಿನಕ್ಕೆ ಜಗಳವಾಡಿ, ಅಪ್ಪನ ಏಟಿಗೆ ಹೆದರಿ ಮನೆ ಬಿಟ್ಟು ಓಡಿಹೋಗುತ್ತಾನೆ. ವರ್ಷಗಳ ನಂತರ ಹಿಂತಿರುಗಿದವನಿಗೆ ಅಪ್ಪ ಹೇಳುವುದು, ಏಬ್ರಹಾಂ ವಿಲ್ಸನ್ ಎಂಬವನಿಗೆ ತಾನು ಬರೆದುಕೊಟ್ಟ 36 ಡಾಲರಿನ ಸಾಲಪತ್ರವಿದೆ, ಆರು ತಿಂಗಳು ದುಡಿದು ಅದನ್ನು ಬಿಡಿಸು ಎಂದು. ದುಡಿದು ಬಿಡಿಸುತ್ತಾನೆ. ಆಮೇಲೆ ಜಾನ್ ಕೆನಡಿ ಎಂಬ ಕ್ವೇಕರ್ ಪಂಥದ ರೈತನಲ್ಲಿ ಕೆಲಸಕ್ಕೆ ಹೋದರೆ ಅಲ್ಲಿಯೂ ಅಪ್ಪನ 40 ಡಾಲರಿನ ಇನ್ನೊಂದು ಪತ್ರ. ಯಾರೂ ಕೇಳದಿದ್ದರೂ ಮತ್ತೆ ಆರು ತಿಂಗಳು ದುಡಿದು, ಪತ್ರವನ್ನು ಪಡೆದು, ಅಪ್ಪನ ಕೈಗೆ ಕೊಡುತ್ತಾನೆ. ಸಾಲಗಾರನ ಪರವಾಗಿ ಮಗನೇ ವಸೂಲಿಗೆ ಬಂದಿದ್ದಾನೆಂದು ಭಾವಿಸಿದ ಅಪ್ಪ, ನನ್ನಲ್ಲಿ ಹಣವಿಲ್ಲ ಎನ್ನುತ್ತಾನೆ. ತೀರಿಸಿ ತಂದಿದ್ದೇನೆ ಎಂದು ಮಗ ಹೇಳಿದಾಗ ಅಪ್ಪ ಅಳುತ್ತಾನೆ.

ಈ ಪುಟಗಳನ್ನು ಹಾಸ್ಯ ಸಾಹಿತ್ಯವೆಂದು ಮಾತ್ರ ಓದುವುದು ಹೇಗೆ ಸಾಧ್ಯ ಎಂಬ ಪ್ರಶ್ನೆ ನನ್ನನ್ನು ಕಾಡುತ್ತದೆ. ಅಕ್ಷರ ಕಲಿಯುವ ಮೊದಲೇ ಅಕ್ಷರ ಏನು ಮಾಡಬಲ್ಲದು ಎಂಬುದನ್ನು ಹುಡುಗ ಮೈಯಿಂದ ಕಲಿತಿದ್ದಾನೆ. ಒಂದು ಚೂರು ಕಾಗದ ಒಬ್ಬ ಮನುಷ್ಯನ ಆರು ತಿಂಗಳನ್ನು ನುಂಗಬಲ್ಲದು. ಆ ಬಳಿಕವೇ ಅವನು ಓದಲು ಹೋಗುವುದು. ಕೆನಡಿಯ ಮಗನ ಬಳಿ ವಾರಕ್ಕೆ ನಾಲ್ಕು ದಿನ ಪಾಠ, ಅದರ ಬದಲಿಗೆ ಎರಡು ದಿನ ಕೂಲಿ. ಹೀಗೆ ಆರು ತಿಂಗಳು. ಮೊದಲ ಪಾಠಪುಸ್ತಕ ಓದುವಷ್ಟು, ಹೆಸರು ಬರೆಯುವಷ್ಟು, ಒಂದಿಷ್ಟು ಲೆಕ್ಕ ಮಾಡುವಷ್ಟು. ತನ್ನ ಜನ್ಮದ ವಿದ್ಯೆ ಇಷ್ಟೇ ಎಂದು ಅವನೇ ಹೇಳಿಕೊಳ್ಳುತ್ತಾನೆ.

ಎರಡನೆಯ ಬಗೆಯ ಕಾಗದ ಅಧಿಕಾರದ್ದು. 1817ರ ಸುಮಾರಿಗೆ ಟೆನೆಸಿಯ ಲಾರೆನ್ಸ್ ಕೌಂಟಿಯ ಶೋಲ್ ಕ್ರೀಕ್ ಎಂಬ ಹೊಸ ನೆಲೆಯಲ್ಲಿ ಊರವರು ಅವನನ್ನು ನ್ಯಾಯ ಹೇಳಲು ನೇಮಿಸಿಕೊಳ್ಳುತ್ತಾರೆ. ತಪ್ಪಿತಸ್ಥನನ್ನು ಹಿಡಿದು ತಾ ಎಂದು ಬಾಯಲ್ಲಿ ಹೇಳಿದರೆ ಸಾಕಿತ್ತು, ಅದೇ ವಾರಂಟು. ಆಮೇಲೆ ಸರ್ಕಾರ ಅಧಿಕೃತವಾಗಿ ನೇಮಿಸಿದಾಗ ವಾರಂಟು ಬರವಣಿಗೆಯಲ್ಲೇ ಇರಬೇಕು, ದಾಖಲೆ ಪುಸ್ತಕ ಇಡಬೇಕು ಎಂಬ ನಿಯಮ ಬಂತು. ಹೆಸರು ಬರೆಯುವುದೇ ಕಷ್ಟವಾದವನಿಗೆ ಇದು ಪೇಚಾಟ. ಜವಾನನ ಕೈಯಲ್ಲಿ ಬರೆಸುತ್ತ, ತಾನೂ ನಿಧಾನವಾಗಿ ಕೈಬರಹ ತಿದ್ದಿಕೊಳ್ಳುತ್ತಾನೆ. ಕಾನೂನು ಪುಸ್ತಕದ ಒಂದು ಪುಟವನ್ನೂ ಓದದೆ, ಹುಟ್ಟಿನಿಂದ ಬಂದ ಬುದ್ಧಿಯಿಂದ ಕೊಟ್ಟ ತನ್ನ ತೀರ್ಪುಗಳನ್ನು ಯಾರೂ ಪ್ರಶ್ನಿಸಲಿಲ್ಲ ಎಂಬ ಹೆಮ್ಮೆ ಅವನಿಗೆ. ಮುನ್ನುಡಿಯಲ್ಲಿ ಕಾಗುಣಿತ, ವ್ಯಾಕರಣಗಳನ್ನು ಗೇಲಿ ಮಾಡುವುದರ ಹಿಂದೆಯೂ ಈ ಅನುಭವವಿದೆ. 1833ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯ ಜಾಕ್ಸನ್‌ಗೆ ಗೌರವ ಡಾಕ್ಟರೇಟ್ ಕೊಟ್ಟಿತ್ತು. ಅದನ್ನು ಹಿಡಿದು ಕ್ರಾಕೆಟ್ ಚುಚ್ಚುತ್ತಾನೆ: ವಿಮರ್ಶಕರು ವ್ಯಾಕರಣ ಕಲಿಯುತ್ತಿದ್ದಾಗ ತಾನೂ ‘ಡಾಕ್ಟರ್’ ಜಾಕ್ಸನ್ನನೂ ಯುದ್ಧದಲ್ಲಿದ್ದೆವು, ನಮ್ಮ ಬರಹವನ್ನು ಬೇರೆಯವರು ತಿದ್ದಿಕೊಟ್ಟರೆ ಯಾರಿಗೇನು? ಚಿಲ್ಟನ್‌ನ ನೆರವನ್ನು ಮುಚ್ಚಿಟ್ಟ ಎಂದು ದೂರುವವರು ಈ ಸಾಲುಗಳ ಮೇಲೆ ಮತ್ತೊಮ್ಮೆ ಕಣ್ಣಾಡಿಸಬೇಕು. ಹೆಸರು ಹೇಳದೆ, ತಿದ್ದುವ ಕೈಗಳಿದ್ದವೆಂದು ಅವನು ಒಪ್ಪುತ್ತಾನೆ. ಅಧ್ಯಕ್ಷನಿಗೂ ಅಂಥ ಕೈಗಳಿವೆ ಎಂದು ನೆನಪಿಸುತ್ತಾನೆ.

ಮೂರನೆಯದು ನೆಲದ ಕಾಗದ. ಶೋಲ್ ಕ್ರೀಕಿನಲ್ಲಿ ಸಾಲ ಮಾಡಿ ಕಟ್ಟಿದ ಹಿಟ್ಟಿನ ಗಿರಣಿ, ಮದ್ದಿನಪುಡಿಯ ಗಿರಣಿ, ಸಾರಾಯಿ ಭಟ್ಟಿ ಎಲ್ಲವೂ ಒಂದು ನೆರೆಗೆ ಕೊಚ್ಚಿಹೋದವು. ಇದ್ದುದನ್ನೆಲ್ಲ ಕೊಟ್ಟು ಸಾಲ ತೀರಿಸೋಣ, ಆಮೇಲೆ ಮತ್ತೆ ದುಡಿಯೋಣ ಎಂದು ಅವನ ಎರಡನೆಯ ಹೆಂಡತಿ ಎಲಿಜಬೆತ್ ಧೈರ್ಯ ಹೇಳುತ್ತಾಳೆ. ಕುಟುಂಬ ಪಶ್ಚಿಮಕ್ಕೆ, ಒಬಾಯನ್ ನದಿಯ ದಟ್ಟ ಕಾಡಿಗೆ ಸರಿಯುತ್ತದೆ. ಒಂದೇ ವರ್ಷದೊಳಗೆ 105 ಕರಡಿ ಕೊಂದೆ ಎಂಬ ಪ್ರಸಿದ್ಧ ಬಡಾಯಿ ಹುಟ್ಟಿದ್ದು ಇಲ್ಲೇ. ಆ ಸೀಮೆಯಲ್ಲಿ ನೆಲೆಸಿದ ಬಹುಪಾಲು ಜನ ನಮ್ಮ ಮಾತಿನಲ್ಲಿ ಹೇಳುವುದಾದರೆ ಬಗರ್‌ಹುಕುಂ ಸಾಗುವಳಿದಾರರು. ಕಾಡು ಕಡಿದು, ಗುಡಿಸಲು ಕಟ್ಟಿ, ಜೋಳ ಬೆಳೆದವರು. ಆದರೆ ಕೈಯಲ್ಲಿ ಹಕ್ಕುಪತ್ರವಿಲ್ಲ. ಸ್ವಾತಂತ್ರ್ಯ ಸಮರದಲ್ಲಿ ಹೋರಾಡಿದ ಸೈನಿಕರಿಗೆ ಉತ್ತರ ಕ್ಯಾರೊಲಿನಾ ಕೊಟ್ಟಿದ್ದ ಭೂಪತ್ರಗಳು ಕೈಯಿಂದ ಕೈಗೆ ಮಾರಾಟವಾಗಿ ಭೂವ್ಯಾಪಾರಿಗಳ ಪೆಟ್ಟಿಗೆ ಸೇರಿದ್ದವು. ಅಂಥದೊಂದು ಪತ್ರ ಹಿಡಿದು ಬಂದವನು ಉತ್ತವನನ್ನು ಎಬ್ಬಿಸಬಹುದಿತ್ತು.

1827ರಲ್ಲಿ ವಾಷಿಂಗ್ಟನ್ನಿಗೆ ಹೋದ ಕ್ರಾಕೆಟ್ ಹಿಡಿದ ಹಟ ಒಂದೇ: ಉಳುವ ಬಡವನಿಗೆ ಅವನು ಕೂತ ನೆಲವನ್ನು ಕೊಡಬೇಕು. ಟೆನೆಸಿಯ ಉಳಿದ ಸಂಸದರು ಆ ನೆಲವನ್ನು ರಾಜ್ಯಕ್ಕೆ ಕೊಟ್ಟು, ಮಾರಿ ಬಂದ ಹಣವನ್ನು ಶಿಕ್ಷಣಕ್ಕೆ ಬಳಸಬೇಕೆಂದರು. ಶ್ರೀಮಂತರ ಮಕ್ಕಳ ಓದಿಗಾಗಿ ಬಡವನ ನೆಲ ಮಾರುವುದೇ ಎಂಬುದು ಕ್ರಾಕೆಟ್‌ನ ಆಕ್ಷೇಪ. ತನ್ನ ಪಕ್ಷದವರಿಂದ ಅವನು ದೂರವಾದದ್ದು ವಿಗ್ಗರ ಹಣದಿಂದ ಮಾತ್ರ ಎನ್ನುವ ಪ್ಯಾರಿಂಗ್ಟನ್ ಜಾಡಿನ ವಾದ ಇಲ್ಲಿ ಎಡವುತ್ತದೆ. ವಿಗ್ಗರು ಅವನನ್ನು ಬಳಸಿಕೊಂಡರು, ನಿಜ. ಬಿರುಕು ಮಾತ್ರ ಅದಕ್ಕೂ ಮೊದಲೇ, ಈ ನೆಲದ ಕಾಗದದ ವಿಷಯದಲ್ಲಿ ಬಿದ್ದಿತ್ತು.

ಇಷ್ಟರವರೆಗೆ ಇದು ಕಾಗದವಿಲ್ಲದವರ ಪರವಾದ ಕಥೆ. ಆದರೆ ಪುಸ್ತಕದಲ್ಲಿ ನಗೆ ಪೂರ್ತಿ ನಿಂತುಹೋಗುವ ಕೆಲವು ಪುಟಗಳಿವೆ. ಅಲ್ಲಿಗೆ ಬಂದಾಗ ಕಥೆ ಜಟಿಲವಾಗುತ್ತದೆ.

1813ರ ನವೆಂಬರ್ 3ರಂದು ಇಂದಿನ ಅಲಬಾಮಾದ ಟಲ್ಲಶ್ಯಾಚಿ ಎಂಬ ಕ್ರೀಕ್ ಹಳ್ಳಿಯನ್ನು ಜಾನ್ ಕಾಫಿಯ ಸೈನ್ಯ ಸುತ್ತುವರಿಯಿತು. ಕ್ರಾಕೆಟ್ ಆ ಸೈನ್ಯದಲ್ಲಿದ್ದ. ಕಾಫಿಯ ವರದಿಯಲ್ಲಿ ಅದು 186 ಶವಗಳ ಲೆಕ್ಕ. ಕ್ರಾಕೆಟ್‌ನ ಪುಟದಲ್ಲಿ ಬೇರೆಯೇ ಇದೆ. ಬಾಗಿಲಲ್ಲಿ ಕೂತು ಕಾಲಿನಿಂದ ಬಿಲ್ಲನ್ನು ಹೆದೆಯೇರಿಸಿ ಬಾಣ ಬಿಟ್ಟ ಒಬ್ಬ ಹೆಂಗಸು, ಅವಳ ಮೈಗೆ ಹೊಕ್ಕ ಗುಂಡುಗಳು. 46 ಯೋಧರು ಒಳಗಿರುವಾಗಲೇ ಬೆಂಕಿ ಹಚ್ಚಿದ ಮನೆ. ಆ ಮನೆಯ ಪಕ್ಕ ತೊಡೆ ಮುರಿದುಕೊಂಡು, ಬೇಯುತ್ತಲೇ ತೆವಳುತ್ತಿದ್ದರೂ ಸದ್ದು ಮಾಡದ ಹನ್ನೆರಡು ವರ್ಷದ ಹುಡುಗ. ಮರುದಿನ ಹಸಿದ ಸೈನಿಕರು ಸುಟ್ಟ ಮನೆಯ ನೆಲಮಾಳಿಗೆಯಲ್ಲಿ ಆಲೂಗಡ್ಡೆ ಹುಡುಕಿ ತಿನ್ನುತ್ತಾರೆ. ಮೇಲೆ ಸುಟ್ಟುಹೋದವರ ಕೊಬ್ಬು ಇಳಿದು ಬೇಯಿಸಿದ ಆಲೂಗಡ್ಡೆ. ಹಸಿವಿಲ್ಲದಿದ್ದರೆ ತಿನ್ನುತ್ತಿರಲಿಲ್ಲ ಎಂದಷ್ಟೇ ಹೇಳಿ ಮುಂದೆ ಹೋಗುತ್ತಾನೆ. ಪಶ್ಚಾತ್ತಾಪದ ಮಾತಿಲ್ಲ, ಸಮರ್ಥನೆಯೂ ಇಲ್ಲ. ತನ್ನ ಬಲಕ್ಕೆ ಸಾಕ್ಷಿ ಹೇಳುತ್ತಲೇ ಇರುವ ನಿರೂಪಕ ಇಲ್ಲಿ ಬರೀ ಸಾಕ್ಷಿಯಾಗುತ್ತಾನೆ. ಚುನಾವಣೆಗೆಂದೇ ಬರೆಸಿದ ಪುಸ್ತಕದಲ್ಲಿ ಈ ಪುಟಕ್ಕೆ ಯಾವ ಲಾಭವೂ ಇರಲಿಲ್ಲ. ಆದರೂ ಇದೆ.

ಹದಿನೇಳು ವರ್ಷಗಳ ನಂತರ, 1830ರ ಮೇ ತಿಂಗಳಲ್ಲಿ, ಜಾಕ್ಸನ್‌ನ ಇಂಡಿಯನ್ ಸ್ಥಳಾಂತರ ಮಸೂದೆ ಪ್ರತಿನಿಧಿ ಸಭೆಯಲ್ಲಿ 102-97 ಮತಗಳಿಂದ ಗೆದ್ದಿತು. ಮಿಸಿಸಿಪ್ಪಿ ನದಿಯ ಪೂರ್ವಕ್ಕಿದ್ದ ಚೆರೊಕಿ, ಕ್ರೀಕ್, ಚಾಕ್ಟಾ, ಚಿಕಸಾ ಮೊದಲಾದ ಜನಾಂಗಗಳನ್ನು ನದಿಯಾಚೆಗೆ ಸಾಗಿಸಲು ದಾರಿ ಮಾಡಿದ ಕಾಯಿದೆ ಇದು. ಟೆನೆಸಿಯ ಸಂಸದರಲ್ಲಿ ವಿರುದ್ಧ ಮತ ಹಾಕಿದವನು ಕ್ರಾಕೆಟ್ ಒಬ್ಬನೇ. ಅದೇ ವರ್ಷ ಅಚ್ಚಾದ ಭಾಷಣ ಸಂಗ್ರಹವೊಂದರಲ್ಲಿ ಅವನ ಹೆಸರಿನ ಒಂದು ಸಂಕ್ಷಿಪ್ತ ಭಾಷಣವಿದೆ. ಈ ಜನಾಂಗಗಳನ್ನು ಸರ್ಕಾರ ಮೊದಲಿನಿಂದಲೂ ಸಾರ್ವಭೌಮರೆಂದು ಒಪ್ಪಿ ಒಪ್ಪಂದ ಮಾಡಿಕೊಂಡಿದೆ, ಆ ಒಪ್ಪಂದಕ್ಕೆ ಅದು ಬದ್ಧವಾಗಿರಬೇಕು ಎಂಬುದು ಅದರ ತಿರುಳು. 40 ಡಾಲರಿನ ಕಾಗದಕ್ಕೆ ಆರು ತಿಂಗಳು ದುಡಿದವನ ತರ್ಕ ಇದು: ಬರೆದುಕೊಟ್ಟ ಮೇಲೆ ತೀರಿಸಬೇಕು. 1777ರಲ್ಲಿ ಅವನ ಅಜ್ಜ ಅಜ್ಜಿಯನ್ನು ಕೊಂದವರು ಇಂಡಿಯನ್ನರು, ಕಿವಿ ಕೇಳದ, ಮಾತು ಬಾರದ ಚಿಕ್ಕಪ್ಪನನ್ನು ಹದಿನೇಳು ವರ್ಷ ಸೆರೆಯಲ್ಲಿಟ್ಟವರು ಅವರು. ಇದನ್ನೆಲ್ಲ ಪುಸ್ತಕದ ಆರಂಭದಲ್ಲೇ ಅವನು ಹೇಳಿರುತ್ತಾನೆ. ಹೀಗಾಗಿ ಈ ಮತ ಇನ್ನಷ್ಟು ತೂಕ ಪಡೆಯುತ್ತದೆ. 1831ರ ಚುನಾವಣೆಯಲ್ಲಿ ಅವನು ಸೋತ. 1838-39ರಲ್ಲಿ ಚೆರೊಕಿಗಳನ್ನು ಬಂದೂಕಿನ ಮುಂದೆ ನಡೆಸಿಕೊಂಡು ಹೋದಾಗ ಸತ್ತವರು ಸುಮಾರು ನಾಲ್ಕು ಸಾವಿರ ಎಂದು ಅಂದಾಜು. ಅದನ್ನು ನೋಡಲು ಅವನು ಇರಲಿಲ್ಲ.

ಆತ್ಮಕಥನದಲ್ಲಿ ಈ ಮತದಾನಕ್ಕೆ ಸಿಕ್ಕ ಜಾಗ ಬಹಳ ಕಡಿಮೆ. ಕರಡಿಗಳಿಗೆ ಅಧ್ಯಾಯಗಳು, ಆತ್ಮಸಾಕ್ಷಿಗೆ ಕೆಲವು ಸಾಲುಗಳು. ಈ ಅಸಮತೋಲನವನ್ನು ಪುಸ್ತಕದ ದೋಷವೆಂದು ಸುಲಭವಾಗಿ ಹೇಳಬಹುದು. ನನಗೆ ಅದು ಅವನ ಇಕ್ಕಟ್ಟಿನ ಗುರುತಾಗಿ ಕಾಣುತ್ತದೆ. ಕರಡಿಯ ಕಥೆ ಹೇಳಲು ಬಾಯಿಮಾತಿನ ಪರಂಪರೆಯಲ್ಲಿ ಧಾಟಿ ಸಿದ್ಧವಿತ್ತು. ಓದುಗರು ಅದಕ್ಕಾಗಿಯೇ ಕಾದಿದ್ದರು. ತನ್ನ ಮತದಾರರೆಲ್ಲರ ವಿರುದ್ಧ ಒಬ್ಬಂಟಿಯಾಗಿ ನಿಂತುದನ್ನು ಹೇಳಲು ಅಂಥ ಸಿದ್ಧ ಧಾಟಿ ಇರಲಿಲ್ಲ.

ಇಲ್ಲಿಗೆ ನಿಲ್ಲಿಸಿದರೆ ಕ್ರಾಕೆಟ್ ಮತ್ತೊಂದು ಬಗೆಯ ವೀರನಾಗಿಬಿಡುತ್ತಾನೆ. ಪುಸ್ತಕ ಅದಕ್ಕೆ ಅವಕಾಶ ಕೊಡುವುದಿಲ್ಲ. ಅವನು ಯಾರ ಪರವಾಗಿ ಜೀವನವಿಡೀ ಹೋರಾಡಿದನೋ ಆ ಸಾಗುವಳಿದಾರರು ಕೂತಿದ್ದ ಪಶ್ಚಿಮ ಟೆನೆಸಿ 1818ರವರೆಗೆ ಚಿಕಸಾ ಜನರ ನೆಲ. ಜಾಕ್ಸನ್ ಮತ್ತು ಐಸಾಕ್ ಶೆಲ್ಬಿ ಮಾಡಿಸಿದ ಒಪ್ಪಂದದಲ್ಲಿ, ಹದಿನೈದು ವರ್ಷಗಳಲ್ಲಿ ಮೂರು ಲಕ್ಷ ಡಾಲರ್ ಕೊಡುವ ಕರಾರಿನ ಮೇಲೆ ಅದು ಕೈಬದಲಾಗಿತ್ತು. ಕಾಗದದ ಬಲದಿಂದ ಬಡ ಬಿಳಿಯನನ್ನು ಎಬ್ಬಿಸುವುದು ಅನ್ಯಾಯವೆಂದು ಕಂಡವನಿಗೆ, ಅದೇ ನೆಲದಿಂದ ಇನ್ನೊಬ್ಬರು ಕಾಗದದ ಬಲದಿಂದಲೇ ಎದ್ದುಹೋಗಿದ್ದರು ಎಂಬುದು ಪುಸ್ತಕದಲ್ಲಿ ಎಲ್ಲಿಯೂ ಪ್ರಶ್ನೆಯಾಗುವುದಿಲ್ಲ. ಆ ಕಾಡು ಅವನಿಗೆ ಬರಿದು, ಕರಡಿಗಳಷ್ಟೇ ಇರುವ ಜಾಗ. ಕ್ರಾಕೆಟ್ ಗುಲಾಮರನ್ನು ಇಟ್ಟುಕೊಂಡಿದ್ದ. ಅವರ ಬದುಕಿಗೂ ಈ ಕಥನದಲ್ಲಿ ಜಾಗವಿಲ್ಲ. ಇನ್ನು ಕೆಲವೆಡೆ ಅವನು ಗೊತ್ತಿದ್ದೇ ಸುಳ್ಳು ಹೇಳುತ್ತಾನೆ. ಜಾಕ್ಸನ್‌ನ ವಿರುದ್ಧ ಸೈನಿಕರು ದಂಗೆಯೆದ್ದಾಗ ತಾನೂ ಅಲ್ಲಿದ್ದೆ, ನಾವು ಗೆದ್ದೆವು ಎಂಬ ವರ್ಣನೆ ದಾಖಲೆಗಳ ಮುಂದೆ ನಿಲ್ಲುವುದಿಲ್ಲ. 1834ರಲ್ಲಿ ಜಾಕ್ಸನ್‌ನ ಎದುರಾಳಿಯಾಗಿ ತೋರಬೇಕಿದ್ದ ರಾಜಕಾರಣಿ ಬರೆದ ಇತಿಹಾಸ ಅದು. ಕಾಗದ ಕೈಗೆ ಬಂದಾಗ ಅವನೂ ಅದನ್ನು ಉಳಿದವರಂತೆಯೇ ಬಳಸಿದ.

ಆಮೇಲೆ ಕಾಗದ ಅವನನ್ನು ಮತ್ತೆ ಕಸಿದುಕೊಂಡಿತು. 1835ರಲ್ಲಿ ಅವನ ಹೆಸರಲ್ಲಿ ಬಂದ ಉತ್ತರ ರಾಜ್ಯಗಳ ಪ್ರವಾಸಕಥನ ಮತ್ತು ಮಾರ್ಟಿನ್ ವಾನ್ ಬ್ಯೂರನ್‌ನ ಜೀವನಚರಿತ್ರೆ ಬೇರೆಯವರು ಬರೆದವು. ಸತ್ತ ಮೇಲೆ, 1836ರಲ್ಲೇ, ಅಲಾಮೊದಲ್ಲಿ ಸಿಕ್ಕ ಅವನ ದಿನಚರಿ ಎಂಬಂತೆ ರಿಚರ್ಡ್ ಪೆನ್ ಸ್ಮಿತ್ ಕಲ್ಪಿಸಿ ಬರೆದ ಪುಸ್ತಕ ಚೆನ್ನಾಗಿ ಮಾರಾಟವಾಯಿತು. 1835ರಿಂದ 1856ರವರೆಗೆ ಹೊರಬಂದ ಕ್ರಾಕೆಟ್ ಆಲ್ಮನಾಕ್‌ಗಳು, ಅಂದರೆ ಪಂಚಾಂಗದ ಜೊತೆ ಕಥೆ ಸೇರಿಸಿದ ಅಗ್ಗದ ಪುಸ್ತಿಕೆಗಳು, ಅವನನ್ನು ಕಪ್ಪು ಜನರನ್ನೂ ಇಂಡಿಯನ್ನರನ್ನೂ ಮೆಕ್ಸಿಕನ್ನರನ್ನೂ ತುಚ್ಛವಾಗಿ ಕಾಣುವ ಅತಿಮಾನುಷ ಗೂಳಿಯನ್ನಾಗಿ ಮಾಡಿದವು. 1830ರ ಮತ ಅಲ್ಲಿ ಅಳಿಸಿಹೋಯಿತು. ಅವನ ಸಾವು ಕೂಡ ಕಾಗದದ ಜಗಳವೇ. ಮೆಕ್ಸಿಕನ್ ಸೇನಾಧಿಕಾರಿ ಹೊಸೆ ಎನ್ರಿಕೆ ಡಿ ಲಾ ಪೆನ್ಯಾ ಬರೆದನೆನ್ನುವ, 1955ರಲ್ಲಿ ಪ್ರಕಟವಾದ ಕಥನದ ಪ್ರಕಾರ ಕ್ರಾಕೆಟ್ ಹೋರಾಡುತ್ತ ಸಾಯಲಿಲ್ಲ, ಸೆರೆಸಿಕ್ಕ ಮೇಲೆ ಅವನನ್ನು ಕೊಲ್ಲಲಾಯಿತು. ಸೆರೆಸಿಕ್ಕವನೊಬ್ಬನ ಸಾವು ವೀರನ ಸಾವಿಗಿಂತ ಯಾಕೆ ಕಡಿಮೆ ಎಂಬ ಪ್ರಶ್ನೆಗೆ ಆ ಹಸ್ತಪ್ರತಿಯ ಅಸಲಿತನದ ಬಗ್ಗೆ ಕಿತ್ತಾಡಿದವರಲ್ಲಿ ಹೆಚ್ಚಿನವರು ಗಮನ ಕೊಟ್ಟಂತಿಲ್ಲ.

ಅವನು ತಾನೇ ತಿದ್ದಿಸಿದ ಒಂದು ಕಾಗದ ಮಾತ್ರ ಉಳಿದಿದೆ. 1835ರ ಚುನಾವಣೆಯಲ್ಲಿ ಆ್ಯಡಂ ಹಂಟ್ಸ್‌ಮನ್‌ಗೆ ಸೋತು ಟೆಕ್ಸಸ್‌ಗೆ ಹೋದ ಕ್ರಾಕೆಟ್, 1836ರ ಜನವರಿಯಲ್ಲಿ ಅಲ್ಲಿನ ತಾತ್ಕಾಲಿಕ ಸರ್ಕಾರಕ್ಕೆ ನಿಷ್ಠೆಯ ಪ್ರಮಾಣ ಮಾಡಬೇಕಾಯಿತು. ಮುಂದೆ ಬರುವ ಯಾವುದೇ ಸರ್ಕಾರಕ್ಕೂ ನಿಷ್ಠನಾಗಿರುತ್ತೇನೆ ಎಂಬ ಅರ್ಥದ ಒಕ್ಕಣೆಗೆ ಅವನು ಒಪ್ಪಲಿಲ್ಲ. ‘ಸರ್ಕಾರ’ದ ಹಿಂದೆ ‘ಗಣರಾಜ್ಯ’ ಎಂಬರ್ಥದ ವಿಶೇಷಣವನ್ನು ಸೇರಿಸಿದ ಮೇಲೆಯೇ ಸಹಿ ಹಾಕಿದ. ಒಂದು ಕಾಲಕ್ಕೆ ತನ್ನ ಹೆಸರು ಬರೆಯಲು ಪರದಾಡಿದ್ದವನು ಈಗ ಸರ್ಕಾರದ ಒಕ್ಕಣೆಯನ್ನೇ ತಿದ್ದಿಸಬಲ್ಲ. ಅವನು ಸತ್ತ ಹನ್ನೊಂದು ದಿನಕ್ಕೆ ಅಂಗೀಕಾರವಾದ ಟೆಕ್ಸಸ್ ಗಣರಾಜ್ಯದ ಸಂವಿಧಾನ ಗುಲಾಮಗಿರಿಗೆ ಕಾನೂನಿನ ರಕ್ಷಣೆ ಕೊಟ್ಟಿತು. ಅವನು ಸೇರಿಸಿದ ಪದದ ಅರ್ಥ ಅಷ್ಟರಮಟ್ಟಿಗೆ ಇಕ್ಕಟ್ಟಿನದು ಎಂಬುದನ್ನೂ ನಾವು ಜೊತೆಗೇ ನೆನಪಿಡಬೇಕು.

ಟೆನೆಸಿಯ ಸಾಗುವಳಿದಾರರ ಮಸೂದೆ ಬೇರೊಂದು ರೂಪದಲ್ಲಿ 1841ರಲ್ಲಿ ಪಾಸಾಯಿತು. ಪಾಸು ಮಾಡಿಸಿದವನು ಅಪ್ಪನ ಸ್ಥಾನಕ್ಕೆ ಆರಿಸಿಬಂದಿದ್ದ ಮಗ ಜಾನ್ ವೆಸ್ಲಿ ಕ್ರಾಕೆಟ್. ಎಲಿಜಬೆತ್‌ಗೆ ಅಲಾಮೊ ಸೈನಿಕನ ವಿಧವೆ ಎಂಬ ಕಾರಣಕ್ಕೆ ಟೆಕ್ಸಸ್‌ನಲ್ಲಿ ನೆಲ ಸಿಕ್ಕಿತು. ಅವಳು 1850ರ ದಶಕದಲ್ಲಿ ಅಲ್ಲಿಗೆ ಹೋಗಿ ನೆಲೆಸಿ, 1860ರಲ್ಲಿ ತೀರಿಕೊಂಡಳು. ಅಪ್ಪನ ಸಾಲಪತ್ರ ಬಿಡಿಸಿದ ಮಗನ ಹೋರಾಟವನ್ನು ಅವನ ಮಗ ಮುಗಿಸಿದ. ಕ್ರಾಕೆಟ್ ಬದುಕಿದ್ದಾಗ ದಕ್ಕದ ಹಕ್ಕುಪತ್ರ ಅವನ ಸಾವಿನ ಲೆಕ್ಕದಲ್ಲಿ ಹೆಂಡತಿಗೆ ಬಂತು. ಈ ಆತ್ಮಕಥನವನ್ನು ಓದುವವರು ಕರಡಿಯ ಕಥೆಗಳಿಗೆ ನಗಲಿ, ಅವು ನಿಜಕ್ಕೂ ಚೆನ್ನಾಗಿವೆ. ನಗೆ ನಿಂತ ಪುಟಗಳಲ್ಲಿ ಮಾತ್ರ ಸ್ವಲ್ಪ ಹೆಚ್ಚು ಹೊತ್ತು ನಿಲ್ಲಲಿ. ಅಳುವ ಅಪ್ಪ, ಸದ್ದು ಮಾಡದ ಕ್ರೀಕ್ ಹುಡುಗ, ಒಂಟಿಯಾದ ಒಂದು ಮತ ಇರುವುದು ಅಲ್ಲಿ.